ನಿಡಘಟ್ಟದ ತಿರುವಿನಲ್ಲಿ ಅಜಾಗರೂಕ ಚಾಲನೆ

ಹೋದ ತಿಂಗಳು ಮಳವಳ್ಳಿಯಲ್ಲಿ ಒಂದು ಸಭೆಯ ವರದಿ ಮುಗಿಸಿ ಬಸ್ ನಿಲ್ದಾಣಕ್ಕೆ ನಡೆಯುತ್ತಿದ್ದಾಗ ಮಳೆ ಹಿಡಿದುಕೊಂಡಿತು. ಹತ್ತಿರದ ಟೈಲರ್ ಅಂಗಡಿಯ ತಗಡಿನ ಕೆಳಗೆ ನಿಂತೆ. ಒಳಗೆ ಹೆಂಗಸೊಬ್ಬರು ಹೊಲಿಗೆ ಮಿಷನ್ನಿನ ತಲೆಯನ್ನು ಹಿಂದಕ್ಕೆ ಮಡಚಿ ಎಣ್ಣೆ ಬಿಡುತ್ತಿದ್ದರು. ತಂಪು ಗಾಳಿಗೆ ಆ ಎಣ್ಣೆಯ ವಾಸನೆ ಬಾಗಿಲವರೆಗೂ ಬಂತು. ಬೇರೆಯವರಿಗೆ ಅದರಿಂದ ಬಟ್ಟೆ, ಕತ್ತರಿ ನೆನಪಾಗಬಹುದು. ನನಗೆ ನೆನಪಾದದ್ದು ಬಸ್ಸು. ಮದ್ದೂರಿನ ಒಂದು ಮನೆಯ ನಡುಮನೆಯಲ್ಲಿ, ನಿಂತ ಜಾಗದಲ್ಲೇ ಓಡುತ್ತಿದ್ದ ಬಸ್ಸು.

ಅದು ನಾಲ್ಕು ವರ್ಷದ ಹಿಂದಿನ ಮಳೆಗಾಲ. ನಾನು ಕೆಲಸ ಮಾಡುವ ಪತ್ರಿಕೆ ಮಂಡ್ಯದ್ದು. ಮದ್ದೂರು ಮತ್ತು ಮಳವಳ್ಳಿ ತಾಲ್ಲೂಕುಗಳನ್ನು ನೋಡಿಕೊಳ್ಳುತ್ತಿದ್ದ ಹಿರಿಯ ವರದಿಗಾರರು ಕಾಲು ಮುರಿದುಕೊಂಡಿದ್ದರಿಂದ, ಜೂನ್ ಕೊನೆಯಿಂದ ದೀಪಾವಳಿವರೆಗೆ ನನ್ನನ್ನು ಮದ್ದೂರಿಗೆ ಹಾಕಿದರು. ನಾಲೆಯ ಕೊನೇ ಭಾಗಕ್ಕೆ ನೀರು ಬಂತೇ, ನಾಟಿ ಎಲ್ಲಿಯವರೆಗೆ ಆಯಿತು, ಶಿಂಷಾ ಎಷ್ಟು ಏರಿತು, ಯಾವ ಹಳ್ಳಿಯ ಸೇತುವೆ ಮುಳುಗಿತು. ನಾಲ್ಕೂವರೆಯೊಳಗೆ ಸುದ್ದಿ ಕಳಿಸಿಬಿಟ್ಟರೆ ಸಂಜೆ ನನ್ನದು.

ಉಳಿದುಕೊಂಡಿದ್ದು ಪುಟ್ಟಸ್ವಾಮಣ್ಣನವರ ಮನೆಯ ಮೇಲಿನ ಕೋಣೆಯಲ್ಲಿ. ಅವರು ನಿವೃತ್ತ ಬಸ್ ಚಾಲಕರು. ಇಪ್ಪತ್ತೊಂಬತ್ತು ವರ್ಷ ಸರ್ಕಾರಿ ಬಸ್ಸು ಓಡಿಸಿದ್ದರು. ಮದ್ದೂರು, ಮಳವಳ್ಳಿ, ಕೆರಗೋಡಿನ ಹಳ್ಳಿ ರೂಟುಗಳೇ ಹೆಚ್ಚು. ಅಷ್ಟು ವರ್ಷದಲ್ಲಿ ಒಂದು ಕೋಳಿಯನ್ನೂ ಚಕ್ರಕ್ಕೆ ಸಿಕ್ಕಿಸಿಕೊಂಡವರಲ್ಲ ಎಂದು ಅವರ ಹೆಂಡತಿ ಭಾಗ್ಯಮ್ಮ ಹೇಳುತ್ತಿದ್ದರು. ಅಪಘಾತವಿಲ್ಲದೆ ಓಡಿಸಿದವರಿಗೆ ಕೊಡುವ ಬೆಳ್ಳಿ ಪದಕ ಗೋಡೆಯ ಮೇಲೆ, ದೇವರ ಪಟಗಳ ಸಾಲಿನಲ್ಲೇ ಇತ್ತು. ನಿವೃತ್ತಿಗೆ ಎರಡು ವರ್ಷ ಇರುವಾಗ ಸಕ್ಕರೆ ಕಾಯಿಲೆ ಕಣ್ಣಿಗೆ ಇಳಿಯಿತು. ಎದುರಿನದು ಕಾಣುತ್ತಿತ್ತು, ಪಕ್ಕದ್ದು ಕಾಣುತ್ತಿರಲಿಲ್ಲ. ವೈದ್ಯಕೀಯ ಪರೀಕ್ಷೆಯಲ್ಲಿ ಅನರ್ಹರೆಂದು ಬರೆದರು. ಕೊನೆಯ ಎರಡು ವರ್ಷ ಡಿಪೊದ ಗೇಟಿನಲ್ಲಿ ಕೂತು, ಹೋಗುವ ಬರುವ ಬಸ್ಸುಗಳ ಸಮಯ ಬರೆದುಕೊಂಡರು. ಆ ದಿನಗಳ ಬಗ್ಗೆ ಅವರು ಮಾತಾಡಿದ್ದನ್ನು ನಾನು ಕೇಳಿಲ್ಲ.

ಮನೆಗೆ ಇಂಟರ್‌ನೆಟ್ ಹಾಕಲು ಬಂದ ಕೇಬಲ್ ನಾಗೇಶ, ಟಿವಿಯಲ್ಲಿ ಬಸ್ಸು ಓಡಿಸುವ ಒಂದು ಆಟ ತೋರಿಸಿದನಂತೆ. ಆಟವೆಂದರೆ ಒಬ್ಬರೇ ಆಡುವುದಲ್ಲ. ಕರ್ನಾಟಕದ ಒಂದಷ್ಟು ಜನ ಸೇರಿ ನಡೆಸುವ ಸರ್ವರ್ ಅದು. ದಿನಾ ಸಂಜೆ ಐದಕ್ಕೆ ಎಲ್ಲರೂ ತಮ್ಮ ತಮ್ಮ ಮನೆಗಳಿಂದ ಒಳಗೆ ಬಂದು, ಸಾಲಾಗಿ ಬಸ್ಸು ಹೊರಡಿಸುತ್ತಾರೆ. ನಮ್ಮ ಊರಿನ ರಸ್ತೆಗಳನ್ನು ಅವರೇ ಬಿಡಿಸಿ ಹಾಕಿದ್ದಾರೆ. ಎಡಗಡೆ ಓಡಿಸಬೇಕು, ತಿರುವಿನಲ್ಲಿ ಹಿಂದಿಕ್ಕಬಾರದು, ನಿಲ್ದಾಣದಲ್ಲಿ ನಿಲ್ಲಿಸಬೇಕು. ತಪ್ಪಿದವರನ್ನು ಸರ್ವರ್ ನಡೆಸುವವರು ಹೊರಗೆ ಹಾಕುತ್ತಾರೆ.

ಪುಟ್ಟಸ್ವಾಮಣ್ಣ ಆಟಕ್ಕೆಂದು ಒಂದು ಸ್ಟೀರಿಂಗ್ ತರಿಸಿ, ಭಾಗ್ಯಮ್ಮನ ಹೊಲಿಗೆ ಮಿಷನ್ ಮೇಜಿಗೆ ಬಿಗಿದಿದ್ದರು. ಕೆಳಗೆ ಕಾಲಿನಿಂದ ತುಳಿಯುವ ಹಲಗೆಯ ಜಾಗದಲ್ಲಿ ಬ್ರೇಕು, ಕ್ಲಚ್ಚು. ಮಿಷನ್ನಿನ ತಲೆ ಬಿಚ್ಚಿ ಅಟ್ಟ ಸೇರಿತ್ತು, ಆದರೆ ಮರಕ್ಕೆ ಇಳಿದ ಎಣ್ಣೆಯ ವಾಸನೆ ಹೋಗಿರಲಿಲ್ಲ. ಐದಕ್ಕೆ ಐದು ನಿಮಿಷ ಇರುವಾಗ ಕೂತು, ಸ್ಟೀರಿಂಗ್ ಮುಟ್ಟಿ ಕಣ್ಣಿಗೊತ್ತಿಕೊಂಡು ಹೊರಡುತ್ತಿದ್ದರು. ಓಟ ಮುಗಿದ ಮೇಲೆ ಹಳೆಯ ನೋಟ್‌ಬುಕ್ಕಿನಲ್ಲಿ ಹೊರಟ ಸಮಯ, ತಲುಪಿದ ಸಮಯ, ದಾರಿಯಲ್ಲಿ ಏನಾಯಿತು ಎಂದು ಬರೆಯುತ್ತಿದ್ದರು. ಡಿಪೊದಲ್ಲಿ ದಿನಾ ತುಂಬುತ್ತಿದ್ದ ಲಾಗ್ ಶೀಟಿನ ಅಭ್ಯಾಸ. ಓಟ ಇಲ್ಲದ ದಿನವೂ, ಯಾಕಿಲ್ಲ ಎಂದು ಒಂದು ಸಾಲು. ಸರ್ವರಿನವರಿಗೆ ಅವರ ಮೇಲೆ ಗೌರವವಿತ್ತು. ನಿಡಘಟ್ಟದ ತಿರುವನ್ನು ನಕ್ಷೆಯಲ್ಲಿ ಸರಿಯಾಗಿ ಬಾಗಿಸಿದ್ದು ಅವರು ಹೇಳಿದ ಮೇಲೇ.

ಆಗಸ್ಟಿನ ಒಂದು ಮಂಗಳವಾರ, ಐದಕ್ಕೆ ಐದು ನಿಮಿಷ. ನಾನು ಜಗಲಿಯಲ್ಲಿ ಕೂತು ಕಾಫಿ ಕುಡಿಯುತ್ತಿದ್ದೆ. ಒಳಗಿನಿಂದ ಕರೆದರು. ಅವರು ನನ್ನನ್ನು 'ಪೇಪರ್ ಸಾ' ಎನ್ನುತ್ತಿದ್ದರು. ವಯಸ್ಸಿನಲ್ಲಿ ಇಪ್ಪತ್ತೈದು ವರ್ಷ ಚಿಕ್ಕವನಾದರೂ ಬಹುವಚನವೇ.

"ಪೇಪರ್ ಸಾ, ಇದೇನೋ ಬರ್ದವ್ರೆ, ಒಸಿ ಓದಿ."

ಪರದೆಯಲ್ಲಿ ಎರಡು ಸಾಲು ಇಂಗ್ಲಿಷ್ ಇತ್ತು. ಕನ್ನಡದಲ್ಲಿ ಹೇಳಿದೆ: ಈ ಐಪಿ ವಿಳಾಸದಿಂದ ಪ್ರವೇಶವನ್ನು ನಿಷೇಧಿಸಲಾಗಿದೆ. ಕಾರಣ, ಅಜಾಗರೂಕ ಚಾಲನೆ.

ಇನ್ನೊಂದು ಸಲ ಓದಿ ಎಂದರು. ಓದಿದೆ. ಅವರು ಸ್ಟೀರಿಂಗಿನ ಮೇಲಿದ್ದ ಕೈಯನ್ನು ತೆಗೆದು ತೊಡೆಯ ಮೇಲಿಟ್ಟುಕೊಂಡರು. ಐದು ಗಂಟೆಯಾಯಿತು. ಬಸ್ಸುಗಳು ಎಲ್ಲೋ ಹೊರಟವು.

ಭಾಗ್ಯಮ್ಮ ಅಡುಗೆಮನೆಯ ಬಾಗಿಲಿಗೆ ಬಂದು, ಅಂತೂ ರಿಟೈರ್ ಆದ ಮೇಲೆ ಒಂದು ಮೆಮೊ ತಗೊಂಡ್ರಿ ಎಂದು ನಕ್ಕರು. ಗಂಡನ ಮುಖ ನೋಡಿ ನಗು ನಿಲ್ಲಿಸಿದರು. ಆ ಭಾನುವಾರ ಬೆಂಗಳೂರಿನಿಂದ ಮೈಸೂರಿಗೆ ನಲವತ್ತು ಬಸ್ಸುಗಳ ದೊಡ್ಡ ಓಟವಿತ್ತು, ಎಲ್ಲಕ್ಕಿಂತ ಮುಂದಿನ ಬಸ್ಸು ಪುಟ್ಟಸ್ವಾಮಣ್ಣನದು ಎಂದು ತೀರ್ಮಾನವಾಗಿತ್ತು. ಆದರೆ ಅವರನ್ನು ಕುಗ್ಗಿಸಿದ್ದು ಅದಲ್ಲ. ಅಜಾಗರೂಕ ಚಾಲನೆ ಎಂಬ ಆ ಎರಡು ಪದ. ಪತ್ರಿಕೆಯ ಅಪಘಾತ ಸುದ್ದಿಗಳಲ್ಲಿ ನಾನು ದಿನಾ ಯೋಚಿಸದೆ ಬರೆಯುತ್ತಿದ್ದ ಪದಗಳು ಅವು.

ಮರುದಿನ ಬೆಳಿಗ್ಗೆ ನಾಗೇಶ ಬಂದು ವಿವರಿಸಿದ. ಐಪಿ ಎಂದರೆ ಮನೆಯ ಬಾಗಿಲ ನಂಬರಿನ ಹಾಗೆ. ಒಳಗೆ ಎಷ್ಟು ಜನ ಎಷ್ಟು ಮೊಬೈಲ್ ಹಿಡಿದು ಕೂತರೂ ಹೊರಗಿನವರಿಗೆ ಕಾಣುವುದು ಆ ಒಂದೇ ನಂಬರು. ಈ ಮನೆಯ ವೈಫೈ ಹಿಡಿದು ಯಾರೋ ಆಟದಲ್ಲಿ ಗಲಾಟೆ ಮಾಡಿದ್ದಾರೆ, ಅವರು ಇಡೀ ಬಾಗಿಲಿಗೆ ಬೀಗ ಹಾಕಿದ್ದಾರೆ. ಹಳ್ಳಿ ರೂಟಿನಲ್ಲಿ ಕೈ ಅಡ್ಡ ಹಿಡಿದವರಿಗೆಲ್ಲ ನಿಲ್ದಾಣ ಇರಲಿ ಬಿಡಲಿ ಬಸ್ಸು ನಿಲ್ಲಿಸುತ್ತಿದ್ದ ಪುಟ್ಟಸ್ವಾಮಣ್ಣ, ಪಾಸ್‌ವರ್ಡ್ ಕೇಳಿದ ಯಾರಿಗೂ ಇಲ್ಲ ಎಂದಿರಲಿಲ್ಲ. ನೀರಿಗೆ ಬಂದವರು, ಹಾಲಿನವನು, ಎದುರುಮನೆಯವರು, ನಾಗೇಶ, ನಾನು.

"ಅದುಕ್ಯಾಕಣ್ಣ ಇಷ್ಟು ತಲೆ ಕೆಡುಸ್ಕೊತೀರಿ? ನನ್ ಆಪೀಸಲ್ಲಿ ಕುಂತು ಎರಡು ನಿಮ್ಸದಲ್ಲಿ ಬೇರೆ ನಂಬರ್ ಆಕ್ಕೊಡ್ತೀನಿ. ಒಳಿಕ್ಕೋಗಿ ಆಡ್ಕಳಿ," ಎಂದ ನಾಗೇಶ.

"ನಂಬರ್ ಪ್ಲೇಟ್ ಬದಲಾಯಿಸ್ಕಂಡು ಗಾಡಿ ಓಡ್ಸೋನ್ನ ಏನಂತಾರ್ಲಾ?"

ನಾಗೇಶ ನನ್ನ ಕಡೆ ನೋಡಿದ.

"ಅವ್ರನ್ಯಾಕ್ ನೋಡೀಯೆ, ನೀನೇಳು. ಕಳ್ಳ ಅಂತಾರೆ. ನಾನು ಗುದ್ದಿಲ್ಲ. ಗುದ್ದಿಲ್ಲ ಅಂತ ಅವ್ರು ಬರ್ಕೊಡ್ಲಿ, ಆಮೇಲ್ ಓಡುಸ್ತೀನಿ. ಇಲ್ದಿದ್ರೆ ಇವತ್ತೇ ಬಿಚ್ಚಾಕು, ಇವ್ಳು ಬಟ್ಟೆ ಒಲ್ಕೊಳ್ಲಿ."

ಹಾಗಾಗಿ ಅರ್ಜಿ ಬರೆಯುವ ಕೆಲಸ ನನಗೆ ಬಂತು. ಇವರಿಗೆ, ಇವರಿಂದ, ವಿಷಯ, ಮಾನ್ಯರೇ ಎಂದು ತಾಲ್ಲೂಕು ಕಚೇರಿಯ ಅರ್ಜಿಯಂತೆಯೇ ಬರೆಯಬೇಕೆಂದು ಪುಟ್ಟಸ್ವಾಮಣ್ಣ ಹಟ ಹಿಡಿದರು. ಬರೆದೆ. ಅವರ ಸೇವೆ, ಪದಕ, ಸರ್ವರಿನಲ್ಲಿ ಅವರ ಓಟಗಳು. ಬರೆಯುವ ಮುಂಚೆ ಎದುರುಮನೆಯಲ್ಲಿ, ಹಾಲಿನವನಲ್ಲಿ ವಿಚಾರಿಸಿದೆ. ಯಾರಿಗೂ ಆ ಆಟದ ಹೆಸರೇ ಗೊತ್ತಿರಲಿಲ್ಲ. ತಪ್ಪು ಸರ್ವರಿನವರ ಲೆಕ್ಕದಲ್ಲೇ ಇರಬೇಕು ಎಂದುಕೊಂಡೆ. ಕೊನೆಗೆ ಒಂದು ವಾಕ್ಯ ಸೇರಿಸಿದೆ: 'ಈ ಮನೆಯ ಸಂಪರ್ಕದಿಂದ ಶ್ರೀಯುತರನ್ನು ಬಿಟ್ಟು ಬೇರೆ ಯಾರೂ ಈ ಆಟ ಆಡಿಲ್ಲವೆಂದು ವಿಚಾರಿಸಿ ಖಚಿತಪಡಿಸಿಕೊಂಡಿದ್ದೇನೆ.' ಕೆಳಗೆ ನನ್ನ ಹೆಸರು, ವರದಿಗಾರ ಎಂಬ ಹುದ್ದೆ. ಗುರುವಾರ ಮಧ್ಯಾಹ್ನ ಕಳಿಸಿದೆವು.

ಶುಕ್ರವಾರ ಸಂಜೆ ಉತ್ತರ ಬಂತು. ಚುಟುಕಾಗಿತ್ತು, ಸೌಜನ್ಯವಿತ್ತು. ಪುಟ್ಟಸ್ವಾಮಿಯವರ ಮೇಲೆ ತಮಗೂ ಸಂಶಯವಿರಲಿಲ್ಲ, ಆದರೆ ದಾಖಲೆ ಹೀಗಿದೆ ಎಂದು ಬರೆದಿದ್ದರು. ಸೋಮವಾರ ಸಂಜೆ ಐದೂ ಹನ್ನೆರಡಕ್ಕೆ ಈ ವಿಳಾಸದಿಂದ ಒಬ್ಬ ಅತಿಥಿ ಆಟಗಾರ ಒಳಗೆ ಬಂದಿದ್ದಾನೆ. ಬಲಗಡೆ ಓಡಿಸಿದ್ದಾನೆ. ನಿಡಘಟ್ಟದ ತಿರುವಿನಲ್ಲಿ ಶಾಲಾ ಬಸ್ಸೊಂದಕ್ಕೆ ಎದುರಿನಿಂದ ಗುದ್ದಿ, ಹಿಂದಿದ್ದ ನಾಲ್ಕು ಬಸ್ಸು ಚರಂಡಿಗೆ ಇಳಿಯುವಂತೆ ಮಾಡಿದ್ದಾನೆ. ಎಚ್ಚರಿಕೆ ಕೊಟ್ಟು ಹೊರಹಾಕಿದರೆ, ಎರಡೇ ನಿಮಿಷದಲ್ಲಿ ಬೇರೆ ಹೆಸರಿನಲ್ಲಿ ಬಂದು ಅದೇ ಕೆಲಸ. ಮತ್ತೆ ಹೊರಹಾಕಿದರೆ ಮೂರನೇ ಹೆಸರು. ಹೆಸರು ಬದಲಿಸುವವನನ್ನು ತಡೆಯಲು ವಿಳಾಸವನ್ನೇ ಮುಚ್ಚಬೇಕಾಯಿತು. ಇದು ಪುಟ್ಟಸ್ವಾಮಿಯವರಲ್ಲ ಎಂಬುದಕ್ಕೆ ಆಧಾರವಿದ್ದರೆ ಕಳಿಸಿ.

ನಾನು ಇದನ್ನು ಜೋರಾಗಿ ಓದುತ್ತಿದ್ದಾಗಲೇ ಪುಟ್ಟಸ್ವಾಮಣ್ಣ ಎದ್ದು ನೋಟ್‌ಬುಕ್ ತಂದರು. ಸೋಮವಾರದ ಸಾಲು: 'ಓಟ ಇಲ್ಲ. ಕಣ್ಣಿನ ಡಾಕ್ಟರು, ಮಂಡ್ಯ. ಭಾಗ್ಯ ಜೊತೆ. ಬಿಟ್ಟಿದ್ದು 1-40. ಬಂದಿದ್ದು 7-05.' ಡಾಕ್ಟರ ಚೀಟಿಯನ್ನೂ ಅದೇ ಪುಟಕ್ಕೆ ಪಿನ್ನು ಚುಚ್ಚಿ ಇಟ್ಟಿದ್ದರು. ಇದಕ್ಕಿಂತ ಬೇರೆ ಆಧಾರ ಬೇಕಿರಲಿಲ್ಲ. ಒಂದು ಫೋಟೊ ತೆಗೆದು ಕಳಿಸಿದರೆ ಆಯಿತು. ಭಾಗ್ಯಮ್ಮ ಮೂರು ದಿನದ ಮೇಲೆ ಮೊದಲ ಸಲ ಗಂಡನನ್ನು ಹಂಗಿಸಿದರು. ಮದುವೆ ದಿನ ಮಾತ್ರ ಬರೆದಿಡಲಿಲ್ಲ, ಬಸ್ಸಿಂದೆಲ್ಲ ಬರೆದಿಟ್ಟವ್ರೆ ಎಂದು.

ಆ ನಗುವಿನಲ್ಲಿ ನಾನು ಸೇರಲಿಲ್ಲ. ಸೋಮವಾರ ಮನೆಯಲ್ಲಿ ಇದ್ದವನು ನಾನೊಬ್ಬನೇ.

ನಡೆದದ್ದು ಇಷ್ಟು. ಪುಟ್ಟಸ್ವಾಮಣ್ಣನ ಮೇಲೆ ಭಾನುವಾರದ ಪುರವಣಿಗೆ ಒಂದು ಬರಹ ಬರೆಯಬೇಕೆಂದು ನನ್ನ ಮನಸ್ಸಿನಲ್ಲಿತ್ತು. ಗೊತ್ತಿಲ್ಲದ ವಿಷಯ ಬರೆಯಬಾರದೆಂದು, ಅವರಿಲ್ಲದ ಹೊತ್ತಿನಲ್ಲಿ ನನ್ನ ಲ್ಯಾಪ್‌ಟಾಪಿನಲ್ಲಿ ಅತಿಥಿಯಾಗಿ ಒಳಗೆ ಹೋಗಿ ನೋಡಿದೆ. ನನಗೆ ಸೈಕಲ್ ಬಿಟ್ಟು ಬೇರೇನೂ ಓಡಿಸಲು ಬರುವುದಿಲ್ಲ. ಬಸ್ಸು ಎತ್ತೆತ್ತಲೋ ಹೋಯಿತು, ಏನಕ್ಕೋ ತಗುಲಿತು, ಪರದೆ ಹೋಯಿತು. ಹೊರಗೆ ಮಳೆ. ಆ ಬೀದಿಯಲ್ಲಿ ಮಳೆ ಬಂದರೆ ನೆಟ್ ಹೋಗುವುದು ರೂಢಿ. ನೆಟ್ ಹೋಯಿತೆಂದು ತಿಳಿದು ಮತ್ತೆ ಒಳಗೆ ಹೋದೆ. ಪ್ರತಿ ಸಲ ಆಟ ತಾನಾಗಿಯೇ ಒಂದು ಹೊಸ ಅತಿಥಿ ಹೆಸರು ಕೊಡುತ್ತಿತ್ತು. ಪ್ರತಿ ಸಲ ಬಂದ ಸೂಚನೆಯನ್ನು ಓದದೆ ಒತ್ತಿ ಮುಚ್ಚಿದೆ. ಊರಿನವರ ಹೇಳಿಕೆಯನ್ನೆಲ್ಲ ಎರಡೆರಡು ಸಲ ಓದಿ ನೋಡುವ ನಾನು, ನನ್ನೆದುರಿನ ಎರಡು ಸಾಲನ್ನು ಓದಲಿಲ್ಲ. ಆಮೇಲೆ ಮಂಡ್ಯ ಕಚೇರಿಯಿಂದ ಫೋನ್ ಬಂತು, ಶಿಂಷಾ ಏರಿದ ಸುದ್ದಿಗೆ ಓಡಿದೆ. ಆ ಇಪ್ಪತ್ತು ನಿಮಿಷವನ್ನು ನಾನು ಆಟ ಎಂದು ಎಣಿಸಿರಲೇ ಇಲ್ಲ. ಅರ್ಜಿಗೆ ಸಹಿ ಹಾಕುವಾಗ ಅದು ನೆನಪಿಗೇ ಬರಲಿಲ್ಲ ಎಂದರೆ ನಂಬುವುದು ಕಷ್ಟ. ಆದರೆ ನಿಜ.

ಸುಮ್ಮನಿದ್ದರೆ ನಡೆಯುತ್ತಿತ್ತು ಎಂಬುದನ್ನೂ ದಾಖಲಿಸಬೇಕು. ನೋಟ್‌ಬುಕ್ಕಿನ ಪುಟ ಅವರನ್ನು ಬಿಡಿಸುತ್ತಿತ್ತು. ಗುದ್ದಿದವನು ಯಾರೋ ದಾರಿಹೋಕ ಎಂದಾಗುತ್ತಿತ್ತು. ಪುಟದ ಫೋಟೊ ತೆಗೆಯುತ್ತೇನೆ ಎಂದು ಮಹಡಿಗೆ ಹೋಗಿ, ಕಿಟಕಿಯ ಬಳಿ ಕಾಲು ಗಂಟೆ ನಿಂತೆ. ಕೆಳಗೆ ಪುಟ್ಟಸ್ವಾಮಣ್ಣ ಜಗಲಿಯಲ್ಲಿ ಹೆಂಡತಿಗೆ ಹೇಳುತ್ತಿದ್ದುದು ಕೇಳಿಸಿತು.

"ಆ ನಾಗೇಸನೇ ಕಣಮ್ಮಿ. ನಂಬರ್ ಬದಲಾಯ್ಸಿ ಬುಡಣ ಅಂದ್ನಲ್ಲ, ಮಾಡ್ದೋನ್ಗೇ ಆ ಬುದ್ಧಿ ಬರೋದು. ನಾಳಿಕೆ ಬರ್ಲಿ, ಕೇಬ್ಲು ಕಿತ್ ಕೈಗ್ ಕೊಡ್ತೀನಿ."

ಇಳಿದು ಹೋದೆ. ನಾಗೇಶ ಅಲ್ಲ, ನಾನು ಎಂದೆ.

ಭಾಗ್ಯಮ್ಮ ಅಲಸಂದೆಕಾಯಿ ಬಿಡಿಸುತ್ತಿದ್ದವರು ಕೈ ನಿಲ್ಲಿಸಿದರು. ನಾನು ನಡೆದ ಕ್ರಮದಲ್ಲಿ ಎಲ್ಲ ಹೇಳಿದೆ. ಮುಗಿದ ಮೇಲೆ ಪುಟ್ಟಸ್ವಾಮಣ್ಣ, ಡಿಪೊದಲ್ಲಿ ಅಪಘಾತ ಮಾಡಿ ಬಂದವನನ್ನು ವಿಚಾರಿಸುವ ಹಾಗೆ ಒಂದೊಂದೇ ಕೇಳಿದರು.

"ಯಾವ ಗೇರಲ್ಲಿದ್ದೆ?"

ಬಹುವಚನ ಹೋಗಿತ್ತು. ಗೊತ್ತಿಲ್ಲ ಎಂದೆ.

"ಬ್ರೇಕು?"

"ಹುಡುಕ್ತಿದ್ದೆ."

"ಬಲಗಡೆಗ್ ಯಾಕೋದೆ?"

"ನಾನು ಎಡಗಡೆ ಅಂತಲೇ ಅಂದುಕೊಂಡಿದ್ದೆ ಅಣ್ಣ."

ಭಾಗ್ಯಮ್ಮನಿಗೆ ತಡೆಯಲಾಗಲಿಲ್ಲ. ಸೆರಗನ್ನು ಬಾಯಿಗೆ ಒತ್ತಿಕೊಂಡು ಒಳಗೆ ಎದ್ದು ಹೋದರು. ಪುಟ್ಟಸ್ವಾಮಣ್ಣ ನಗಲಿಲ್ಲ.

"ಗುದ್ದೋದು ಯಾರ್ ಕೈಲಾದ್ರೂ ಆಯ್ತದೆ. ನಾ ಗುದ್ದಿಲ್ಲ ಅಂತ ಪದಕ ಕೊಟ್ರು, ಅದ್ರಲ್ಲಿ ಅರ್ಧ ಎದುರ್ಗಡೆಯೋರ್ ಪುಣ್ಯ. ಗುದ್ದಿದ್ ಮೇಲೆ ನಿಲ್ಲಿಸ್ಬೇಕು, ಇಳ್ದು ನೋಡ್ಬೇಕು. ನೀ ನಿಲ್ಲಿಸ್ದೆ ಹೊಂಟೋದೆ. ಅದೊಂದೇ ನಿನ್ ತಪ್ಪು."

ಆಮೇಲೆ, ಇದ್ದದ್ದನ್ನು ಇದ್ದಂಗೆ ಬರೆದು ಕಳಿಸು ಎಂದರು. ಅವರ ನೋಟ್‌ಬುಕ್ಕಿನ ಪುಟವನ್ನು ಕಳಿಸುವುದು ಬೇಡವೆಂದರು. ಮಾಡಿದವನೇ ಒಪ್ಪಿಕೊಂಡ ಮೇಲೆ ಬೇರೆ ಸಾಕ್ಷಿ ಯಾಕೆ.

ಪತ್ರಿಕೆಯಲ್ಲಿ ತಿದ್ದುಪಡಿ ಎಂದರೆ ಒಳಪುಟದ ಮೂಲೆಯಲ್ಲಿ ಎರಡು ಸಾಲು. ತಪ್ಪು ದೊಡ್ಡಕ್ಷರದಲ್ಲಿ ಬಂದಿದ್ದರೂ ಅಷ್ಟೇ. ಆ ಸಂಜೆ ನಾನು ಬರೆದದ್ದು ಒಂದೂವರೆ ಪುಟ. ಅರ್ಜಿಯಲ್ಲಿ ನಾನು ಖಚಿತಪಡಿಸಿಕೊಂಡಿದ್ದೇನೆ ಎಂದ ವಾಕ್ಯ ಸುಳ್ಳೆಂದು ಮೊದಲಿಗೇ ಹೇಳಿದೆ. ಎಲ್ಲರನ್ನೂ ವಿಚಾರಿಸಿದೆ, ನನ್ನನ್ನು ಬಿಟ್ಟು, ಎಂದು ಬರೆದೆ. ಅಷ್ಟು ವರ್ಷದ ವೃತ್ತಿಯಲ್ಲಿ ಯಾರ ಹೇಳಿಕೆಯನ್ನು ಕೇಳಲು ಮರೆಯಬಹುದು ಎಂಬುದು ಅಂದು ಗೊತ್ತಾಯಿತು.

ಶನಿವಾರ ಉತ್ತರ ಬರಲಿಲ್ಲ. ಪುಟ್ಟಸ್ವಾಮಣ್ಣ ಐದು ಗಂಟೆಗೆ ಮೇಜಿನ ಬಳಿಗೆ ಹೋಗಲಿಲ್ಲ. ಬಾಗಿಲ ಹೊರಗೆ ನಿಂತು ಮಳೆ ನೋಡಿದರು. ಆ ದಿನ ನಾಗೇಶ ಬಂದಾಗ ಭಾಗ್ಯಮ್ಮ ಅವನಿಗೆ ಕಾಫಿಯ ಜೊತೆ ನಿಪ್ಪಟ್ಟು ಕೊಟ್ಟರು. ಯಾಕಿಷ್ಟು ಉಪಚಾರ ಎಂದು ಅವನು ಕೇಳಿದ. ಭಾಗ್ಯಮ್ಮ ಇನ್ನೊಂದು ನಿಪ್ಪಟ್ಟು ಹಾಕಿದರು.

ಭಾನುವಾರ ಹನ್ನೊಂದರ ಹೊತ್ತಿಗೆ ಉತ್ತರ ಬಂತು. ಈ ವಿಳಾಸದ ಮೇಲಿನ ನಿಷೇಧ ತೆಗೆಯಲಾಗಿದೆ. ಪುಟ್ಟಸ್ವಾಮಿಯವರ ಹೆಸರಿನ ಮುಂದೆ ಯಾವ ದೋಷವೂ ಉಳಿದಿಲ್ಲ. ಇಂದಿನ ಓಟದ ಮುಂದಿನ ಬಸ್ಸನ್ನು ಬೇರೆಯವರಿಗೆ ಕೊಟ್ಟಾಗಿದೆ, ಕ್ಷಮಿಸಿ. ಅವರು ಒಪ್ಪಿದರೆ ಕೊನೆಯ ಬಸ್ಸು ಖಾಲಿ ಇದೆ. ಅತಿಥಿಯಾಗಿ ಬಂದವರು ಹಿರಿಯ ಚಾಲಕರ ಪಕ್ಕದಲ್ಲಿ ಕೂತು ಕಲಿತ ಮೇಲೆ ತಮ್ಮ ಹೆಸರಿನಲ್ಲಿ ಬರಬಹುದು.

ಮೊದಲ ಎರಡು ವಾಕ್ಯವನ್ನು ಅವರು ನನ್ನಿಂದ ಮೂರು ಸಲ ಓದಿಸಿದರು. ಮುಂದಿನ ಬಸ್ಸು ಹೋಯಿತಲ್ಲ ಎಂದು ನಾನು ಕ್ಷಮೆ ಕೇಳಲು ಹೊರಟರೆ, ಕೊನೆಯ ಗಾಡಿಯ ಕೆಲಸ ನಿನಗೇನು ಗೊತ್ತು, ಕೆಟ್ಟು ನಿಂತವರನ್ನೆಲ್ಲ ಎತ್ತಿಕೊಂಡು ಬರುವವನು ಅವನೇ ಎಂದರು.

ಸಂಜೆ ಐದಕ್ಕೆ ನಲವತ್ತು ಬಸ್ಸುಗಳು ಬೆಂಗಳೂರಿನಲ್ಲಿ ಸಾಲಾಗಿ ನಿಂತವು. ಕಿವಿಗೆ ಹಾಕಿಕೊಳ್ಳುವ ಮೈಕಿನಲ್ಲಿ ಎಲ್ಲರೂ ಒಬ್ಬರಿಗೊಬ್ಬರು ಕೇಳಿಸುತ್ತಾರೆ. ಪುಟ್ಟಸ್ವಾಮಣ್ಣ ಗಂಟಲು ಸರಿಮಾಡಿಕೊಂಡು, ಹೊರಡೋಕೆ ಮುಂಚೆ ಒಂದು ನಿಮಿಷ, ಸೋಮವಾರ ನಿಡಘಟ್ಟದಲ್ಲಿ ಗುದ್ದಿದವನು ಇಲ್ಲಿ ನನ್ನ ಪಕ್ಕ ಕೂತಿದ್ದಾನೆ, ಮಾತಾಡಬೇಕಂತೆ ಎಂದರು. ನಾನು ಹಾಗೆ ಅಂದಿರಲಿಲ್ಲ. ಮೈಕು ಬಿಚ್ಚಿ ನನ್ನ ತಲೆಗೆ ಸಿಕ್ಕಿಸಿದರು.

ಆ ಕಡೆ ಮುಖ ಕಾಣದ ಮೂವತ್ತೊಂಬತ್ತು ಜನ. ತಪ್ಪಾಯಿತು, ನಿಲ್ಲಿಸಬೇಕಿತ್ತು, ನಿಲ್ಲಿಸಲಿಲ್ಲ ಎಂದೆ. ಅಷ್ಟು ಹೇಳುವುದಕ್ಕೆ ಒಂದೂವರೆ ಪುಟಕ್ಕಿಂತ ಹೆಚ್ಚು ಕಷ್ಟವಾಯಿತು. ಹೆಣ್ಣು ದನಿಯೊಂದು ಬಂತು.

"ಆ ಸ್ಕೂಲ್ ಬಸ್ಸು ನಂದೇ ಸರ್. ಪರವಾಗಿಲ್ಲ ಬಿಡಿ, ಅವತ್ತು ಮಕ್ಕಳಿಗೆ ರಜಾ ಇತ್ತು."

ಯಾರೋ ನಕ್ಕರು, ಆಮೇಲೆ ಎಲ್ಲರೂ. ಮುಂದಿನ ಬಸ್ಸು ಹಾರ್ನ್ ಹೊಡೆದು ಹೊರಟಿತು.

ಆ ಮಳೆಗಾಲದಲ್ಲಿ ನಾಲೆಯ ನೀರಿನ ಬಗ್ಗೆ, ಮುಳುಗಿದ ಸೇತುವೆಗಳ ಬಗ್ಗೆ ನಾನು ಬರೆದ ಸುದ್ದಿಗಳ ಕತ್ತರಿಸಿಟ್ಟ ಪ್ರತಿಗಳಿವೆ. ಅವುಗಳಲ್ಲಿ ಯಾವುದೂ ನನ್ನನ್ನು ಬದಲಾಯಿಸಲಿಲ್ಲ. ಪುಟ್ಟಸ್ವಾಮಣ್ಣನ ಮೇಲಿನ ಬರಹವನ್ನು ನಾನು ಆಗ ಪತ್ರಿಕೆಗೆ ಕೊಡಲಿಲ್ಲ. ಈಗಲೂ ನನ್ನ ವರದಿಯಲ್ಲಿ ತಪ್ಪು ಬಂದರೆ, ತಿದ್ದುಪಡಿ ಬರೆಯುವ ಮೊದಲು ಆ ಮನುಷ್ಯರಿಗೆ ಫೋನ್ ಮಾಡುತ್ತೇನೆ. ಕೆಲವರು ಬೈಯುತ್ತಾರೆ. ಹೆಚ್ಚಿನವರು ಮೊದಲು ಆಶ್ಚರ್ಯಪಡುತ್ತಾರೆ. ಇದನ್ನು ಕಲಿಸಿದ್ದಕ್ಕೆ ನಾನು ಆ ಮನೆಗೆ ಋಣಿ. ಅಂದು ನನ್ನನ್ನು ಮನೆಯಿಂದ ಕಳಿಸಿಬಿಡದೆ ಪಕ್ಕಕ್ಕೆ ಕುರ್ಚಿ ಎಳೆದು ಕೂರಿಸಿಕೊಂಡಿದ್ದಕ್ಕೆ ಇನ್ನೂ ಹೆಚ್ಚು.

ಮೂವತ್ತೊಂಬತ್ತು ಬಸ್ಸುಗಳೂ ಹೋಗುವವರೆಗೆ ಪುಟ್ಟಸ್ವಾಮಣ್ಣ ಕಾದರು. ರಾಮನಗರದ ಬಳಿ ಒಬ್ಬರು ಕಲ್ಲಿಗೆ ತಗುಲಿ ನಿಂತಿದ್ದರು. ನಿಲ್ಲಿಸಿ, ಅವರು ಸರಿಯಾಗುವವರೆಗೆ ಕಾದು, ಅವರನ್ನು ಮುಂದೆ ಬಿಟ್ಟು ಹೊರಟೆವು. ಚನ್ನಪಟ್ಟಣ ದಾಟಿದ ಮೇಲೆ ಇನ್ನೊಬ್ಬರು. ಮದ್ದೂರು ಬರುವಷ್ಟರಲ್ಲಿ ನಮ್ಮ ಮುಂದೆ ರಸ್ತೆ ಖಾಲಿಯಾಗಿತ್ತು. ಆಟದವರು ಹೆದ್ದಾರಿಯ ಅಂಗಡಿಗಳನ್ನಷ್ಟೇ ಬಿಡಿಸಿದ್ದರು, ಒಳಗಿನ ಬೀದಿಗಳಿರಲಿಲ್ಲ. ಪುಟ್ಟಸ್ವಾಮಣ್ಣ ವೇಗ ಇಳಿಸಿ, ಬಸ್ಸನ್ನು ಎಡಕ್ಕೆ ತಂದು ನಿಲ್ಲಿಸಿದರು.

"ನಮ್ ಬೀದಿ ಆಕಿಲ್ಲ ಕಣ್ಲಾ ಇವ್ರು. ಆಕಿದ್ರೆ ನಿನ್ನ ಮನೆ ಮುಂದೇ ಇಳ್ಸಿ ಓಗಿರೋನು," ಎಂದರು. "ಈಗ ಮೈಸೂರ್ಗಂಟ ಕುಂತ್ಕೊ."

ನಾನು ಕೂತೆ.